ವಾರಿಜಕ್ಕ ಕೇಳಿದ ಸಿನಿಮಾಗಳು

ವಾರಿಜಕ್ಕ ಸಿನಿಮಾ ನೋಡುವಾಗ ಪರದೆಯ ಕಡೆ ಮುಖ ಮಾಡುತ್ತಿರಲಿಲ್ಲ. ಅವರ ಬಲಕ್ಕೆ ಮಗ ಯಶವಂತ ಕೂರುತ್ತಿದ್ದ. ಅವನ ಬಾಯಿಗೆ ಬಲಗಿವಿ ಕೊಟ್ಟಾಗ ಮುಖ ತಾನಾಗಿ ಎಡಕ್ಕೆ ತಿರುಗುತ್ತಿತ್ತು. ಎಡಗಡೆಯ ಕುರ್ಚಿ ನನ್ನದು. ಹಾಗಾಗಿ ಎರಡು ವರ್ಷಕ್ಕೂ ಹೆಚ್ಚು ಕಾಲ, ಪ್ರತಿ ತಿಂಗಳ ಎರಡನೇ ಶನಿವಾರ, ಪರದೆಯ ಬೆಳಕು ಬಿದ್ದ ಅವರ ಮುಖ ನನ್ನಿಂದ ಒಂದು ಮೊಳ ದೂರದಲ್ಲಿರುತ್ತಿತ್ತು. ಕಣ್ಣು ತೆರೆದೇ ಇರುತ್ತಿತ್ತು. ಆ ಕಣ್ಣಿಗೆ ಏನೂ ಕಾಣಿಸುತ್ತಿರಲಿಲ್ಲ. ಆದರೂ ಪರದೆಯ ಮೇಲೆ ಯಾರಾದರೂ ಬಾಗಿಲು ತೆಗೆದರೆ, ಯಶವಂತ ಅದನ್ನು ಹೇಳಿ ಮುಗಿಸುವ ಮೊದಲೇ, ಅವರ ಹುಬ್ಬು ಮೇಲೆ ಹೋಗುತ್ತಿತ್ತು.

ನಮ್ಮದು ಕಾವೂರಿನ ಒಂದು ವಾಚನಾಲಯದ ಮಾಳಿಗೆಯಲ್ಲಿ ನಡೆಯುವ ಸಣ್ಣ ಚಿತ್ರಬಳಗ. ಮೂವತ್ತು ಕುರ್ಚಿ, ಒಂದು ಬಿಳಿ ಪರದೆ, ಮೂರು ಫ್ಯಾನು. ತೋರಿಸುವುದು ಹೆಚ್ಚಾಗಿ ಬೇರೆ ದೇಶಗಳ ಚಿತ್ರಗಳು, ಕೆಳಗೆ ಇಂಗ್ಲಿಷ್ ಅಕ್ಷರ ಓಡುತ್ತಿರುತ್ತದೆ. ಪ್ರತಿ ಚಿತ್ರಕ್ಕೆ ಒಂದು ಪುಟದ ಕನ್ನಡ ಟಿಪ್ಪಣಿ ಬರೆದು ಹಂಚುವುದು ನನ್ನ ಕೆಲಸ. ನಾನು ಘಟ್ಟದ ಮೇಲಿನವಳು, ಇಲ್ಲಿನ ಒಂದು ಕಾಲೇಜಿನ ಗ್ರಂಥಾಲಯದಲ್ಲಿ ಇಪ್ಪತ್ತು ವರ್ಷದಿಂದ ಇದ್ದೇನೆ. ತುಳು ಅರ್ಥವಾಗುತ್ತದೆ, ಮಾತಾಡಲು ಹೊರಟರೆ ಎಲ್ಲರೂ ನಗುತ್ತಾರೆ. ಆದ್ದರಿಂದ ವಾರಿಜಕ್ಕ ನನ್ನ ಹತ್ತಿರ ಕನ್ನಡದಲ್ಲೇ ಮಾತಾಡುತ್ತಿದ್ದರು. ತಾಯಿ ಮಗನ ನಡುವೆ ತುಳು. ಅವರಿಬ್ಬರ ಮಾತನ್ನು ಇಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದೇನೆ, ಆದಷ್ಟು ಇದ್ದ ಹಾಗೆ.

ವಾರಿಜಕ್ಕ ಮೂವತ್ತೊಂದು ವರ್ಷ ಗೇರುಬೀಜದ ಕಾರ್ಖಾನೆಯಲ್ಲಿ ದುಡಿದವರು. ಸುಲಿದ ಬೀಜವನ್ನು ಬೆರಳಲ್ಲಿ ಮುಟ್ಟಿ ಇಡೀ ಬೀಜ, ಹೋಳು, ತುಂಡು, ಪುಡಿ ಎಂದು ಬೇರೆ ಮಾಡುವ ಕೆಲಸ. ಗಂಡ ಬೇಗ ತೀರಿಕೊಂಡಿದ್ದರು. ಒಬ್ಬನೇ ಮಗ. ಯಶವಂತ ಬಂದರಿನಲ್ಲಿ ದೋಣಿ ಇಂಜಿನ್ನಿನ ಬಿಡಿಭಾಗ ಮಾರುವ ಅಂಗಡಿಯಲ್ಲಿದ್ದ. ವಯಸ್ಸು ನಲವತ್ತೈದು, ಮದುವೆಯಾಗಿರಲಿಲ್ಲ. ತಾಯಿಯ ಕಣ್ಣು ಪೂರ್ತಿ ಹೋದ ಮೇಲೆ ಅಂಗಡಿ ಮುಗಿಸಿ ನೇರ ದೇರೆಬೈಲಿನ ಮನೆಗೆ ಬರುತ್ತಿದ್ದ. ಅವನು ಸ್ವರ ಎತ್ತಿದ್ದನ್ನು ಯಾರೂ ಕೇಳಿರಲಿಲ್ಲ. ಬಳಗದ ಹೆಂಗಸರು ತಮ್ಮ ಮಕ್ಕಳಿಗೆ ಅವನ ಉದಾಹರಣೆ ಕೊಡುತ್ತಿದ್ದರು. ವಾರಿಜಕ್ಕ ಅದನ್ನು ಕೇಳಿಸಿಕೊಂಡು, ಬೇಡವೆನ್ನದೆ ಕೂತಿರುತ್ತಿದ್ದರು.

ಮೊದಲ ಎರಡು ತಿಂಗಳು ಅವರ ಪಿಸುಮಾತಿನ ಬಗ್ಗೆ ದೂರು ಬಂತು. ನಮ್ಮ ಕಾರ್ಯದರ್ಶಿ ಭಟ್ಟರು ಸಂಕೋಚದಿಂದಲೇ ಅವರಿಬ್ಬರನ್ನು ಕೊನೆಯ ಸಾಲಿಗೆ ಕಳಿಸಿದರು. ಮೂರನೇ ತಿಂಗಳಿಗೆ ಕೊನೆಯ ಸಾಲು ಮೊದಲು ಭರ್ತಿಯಾಗತೊಡಗಿತು. ಯಶವಂತನ ಅನುವಾದ ಹಾಗಿತ್ತು. ಹಿಮ ಬಿದ್ದರೆ, "ಬಂದರಿನ ಐಸ್ ಪ್ಲಾಂಟಿನ ಒಳಗೆ ಊರು ಕಟ್ಟಿದ ಹಾಗೆ ಉಂಟಮ್ಮ" ಎನ್ನುತ್ತಿದ್ದ. ಯಾರೋ ಸೂಪು ಕುಡಿದರೆ ಅದು ಹುರುಳಿ ಸಾರಾಗುತ್ತಿತ್ತು. ವಾರಿಜಕ್ಕ ನಡುವೆ ತಡೆಯುತ್ತಿದ್ದರು. "ಅವಳ ಕೈ ಎಲ್ಲಿ ಉಂಟು ಈಗ?" "ಮೇಜಿನ ಮೇಲೆ." "ಮುಷ್ಟಿಯಾ, ಬಿಡಿಸಿದ್ದಾ?" ಯಶವಂತ ಮತ್ತೊಮ್ಮೆ ನೋಡಿ ಹೇಳಬೇಕಾಗುತ್ತಿತ್ತು. ಸತ್ಯವಾಗಿ ಹೇಳುವುದಾದರೆ ನಾನೂ ಆಗಲೇ ಮತ್ತೊಮ್ಮೆ ನೋಡುತ್ತಿದ್ದೆ. ಕಣ್ಣಿದ್ದ ನಾವು ಮೂವತ್ತು ಮಂದಿ ಕೈಗಳನ್ನು ಗಮನಿಸಲು ಕಲಿತದ್ದು ಅವರಿಂದ.

ಎರಡನೇ ವರ್ಷ ಬಳಗದವರು ತಾಯಿ ಮತ್ತು ಮಗ ಎಂಬ ವಿಷಯ ಆರಿಸಿಕೊಂಡರು. ಪ್ರತಿ ತಿಂಗಳು ಅದೇ ಸಂಬಂಧದ ಒಂದು ಚಿತ್ರ, ಅದಕ್ಕೆ ಮೊದಲು ಅದೇ ಸಂಬಂಧದ ಒಂದು ಕತೆಯ ನಾಲ್ಕು ಪುಟ ಓದುವುದು, ಕೊನೆಗೆ ಚರ್ಚೆ. ಮೊದಲ ಚರ್ಚೆಯಲ್ಲಿ ನಿವೃತ್ತ ಪ್ರಾಧ್ಯಾಪಕರೊಬ್ಬರು ಬಹಳ ಚೆನ್ನಾಗಿ ಮಾತಾಡಿದರು. ಈ ತಾಯಿ ಭೂಮಿ, ಈ ತಾಯಿ ಕ್ಷಮೆ, ಇವಳು ಎಲ್ಲ ದೇಶದ ಎಲ್ಲ ತಾಯಂದಿರೂ ಹೌದು ಎಂದರು. ಚಪ್ಪಾಳೆ ಬಿತ್ತು. ಹಿಂದಿನ ಸಾಲಿನಿಂದ ವಾರಿಜಕ್ಕ ಕೇಳಿದರು:

"ಆ ಹೆಂಗಸಿನ ಹೆಸರೆಂತ?"

ಪ್ರಾಧ್ಯಾಪಕರು ನನ್ನ ಕಡೆ ನೋಡಿದರು. ನಾನು ನನ್ನ ಟಿಪ್ಪಣಿ ನೋಡಿದೆ. ಅದರಲ್ಲಿ 'ತಾಯಿ' ಎಂದಷ್ಟೇ ಬರೆದಿದ್ದೆ.

"ಮಗನ ಹೆಸರು ನಾನು ಆರು ಸಲ ಕೇಳಿದೆ. ನಾಯಿಗೂ ಒಂದು ಹೆಸರು ಉಂಟು. ಅವಳದ್ದು ಮಾತ್ರ ಯಾರೂ ಕರೀಲಿಲ್ಲ. ನನಗೆ ಕಣ್ಣಿಲ್ಲದ್ದಕ್ಕೆ ತಪ್ಪಿತಾ, ಇಲ್ಲ ಅದರಲ್ಲೇ ಇಲ್ವಾ?"

"ಅದರಲ್ಲೇ ಇಲ್ಲ, ವಾರಿಜಕ್ಕ," ಎಂದರು ಭಟ್ಟರು.

"ಹಾಗಾದ್ರೆ ಅದು ತುಂಡು ಬೀಜ. ಇಡೀ ಅಲ್ಲ."

ಅಂದಿನಿಂದ ನಮ್ಮಲ್ಲಿ ಚಿತ್ರಗಳಿಗೆ ದರ್ಜೆ ಕೊಡುವುದು ಅವರ ಕೆಲಸವಾಯಿತು. ಕತೆಗಳನ್ನೂ ಬಿಡುತ್ತಿರಲಿಲ್ಲ. ಒಮ್ಮೆ ಓದಿದ ಕತೆಯಲ್ಲಿ ತಾಯಿ ಮಗನಿಗಾಗಿ ಬೆಳಿಗ್ಗೆಯಿಂದ ಸಂಜೆಯವರೆಗೆ ಬಾಗಿಲಲ್ಲಿ ನಿಂತಿದ್ದಳು. "ಇದನ್ನು ಬರೆದವ ಮಗನೇ. ಅವಳು ಬರೆದಿದ್ರೆ ನಿಂತದ್ದು ಎರಡು ನಿಮಿಷ, ಮತ್ತೆ ಒಲೆಯ ಹತ್ತಿರ ಹೋದದ್ದು ಅಂತ ಬರೀತಿದ್ದಳು," ಎಂದರು. ಪ್ರಾಧ್ಯಾಪಕರು ಅದನ್ನು ತಮ್ಮ ಡೈರಿಯಲ್ಲಿ ಬರೆದುಕೊಂಡದ್ದನ್ನು ನಾನು ನೋಡಿದ್ದೇನೆ.

ಆ ಮಾರ್ಚಿನಲ್ಲಿ ತೋರಿಸಿದ್ದು ಒಂದು ಬೇಕರಿಯ ಚಿತ್ರ. ಯಾವುದೋ ಸಮುದ್ರದ ಬದಿಯ ಸಣ್ಣ ಊರು. ತಾಯಿ, ಮಗ ಸೇರಿ ಬ್ರೆಡ್ಡು ಸುಟ್ಟು ಮಾರುತ್ತಾರೆ. ಮಗ ಒಬ್ಬ ಹುಡುಗಿಯನ್ನು ಇಷ್ಟಪಡುತ್ತಾನೆ. ಅವಳು ಒಂದು ದಿನ ಮನೆಗೆ ಬಂದಾಗ ತಾಯಿ ಬಾಗಿಲಲ್ಲೇ ನಿಲ್ಲಿಸಿ ಕಳಿಸಿಬಿಡುತ್ತಾಳೆ. ಮಗ ಏನೂ ಹೇಳುವುದಿಲ್ಲ. ಮರುದಿನವೂ ಹಿಟ್ಟು ನಾದುತ್ತಾನೆ, ಅದರ ಮರುದಿನವೂ. ಅವನ ಕೂದಲು ಬೆಳ್ಳಗಾಗುವವರೆಗೆ ಚಿತ್ರ ನಡೆಯುತ್ತದೆ. ಅಂದು ಯಶವಂತ ತಾಯಿಯ ಕಿವಿಗೇ ಬಾಯಿ ಹಚ್ಚಿ ಹೇಳಿದ್ದ, ಪಕ್ಕದಲ್ಲಿದ್ದ ನನಗೂ ಕೇಳಿಸಿರಲಿಲ್ಲ. ದೀಪ ಹಾಕಿದಾಗ ಮೊದಲು ಮಾತಾಡಿದವರು ವಾರಿಜಕ್ಕ.

"ಇದು ಇಡೀ ಬೀಜ," ಎಂದರು. ಅವರ ಮುಖ ಅರಳಿತ್ತು. "ಎಷ್ಟು ಚಂದ ಇದ್ದಾರೆ ಇಬ್ಬರೂ. ಒಬ್ಬರಿಗೊಬ್ಬರು. ನನಗೂ ಇಂಥ ಮಗನೇ ಇರುದು."

ಮುಂದಿನ ಸಾಲಿನವರು ತಿರುಗಿ ನೋಡಿದರು. ಯಶವಂತ ತನ್ನ ಚಪ್ಪಲಿಯ ಬಾರನ್ನು ಸರಿಮಾಡಿಕೊಳ್ಳುತ್ತಿದ್ದ. ಭಟ್ಟರು ಅಂದಿನ ಚರ್ಚೆಯನ್ನು ಬೇಗ ಮುಗಿಸಿದರು. ವಾರಿಜಕ್ಕನವರದು ಹಳೆಯ ಕಾಲದ ದೃಷ್ಟಿ ಎಂದು ನಾನು ಭಾವಿಸಿದೆ. ಆ ಯೋಚನೆಗೆ ಈಗ ನಾಚಿಕೆಯಾಗುತ್ತದೆ.

ಡಿಸೆಂಬರಿನಲ್ಲಿ ಯಶವಂತನಿಗೆ ಮಲ್ಪೆಗೆ ಹೋಗಬೇಕಾಗಿ ಬಂತು, ಒಂದು ಇಂಜಿನ್ನಿನ ಕೆಲಸ. ಅವನು ನನಗೆ ಫೋನು ಮಾಡಿ, "ಅಮ್ಮನನ್ನು ಆಟೋದಲ್ಲಿ ಕಳಿಸ್ತೇನೆ. ನೀವು ಸ್ವಲ್ಪ ಹೇಳ್ತೀರಾ? ಅಂದಾಜಿಗೆ ಹೇಳಿದ್ರೆ ಸಾಕು," ಎಂದ. ಆ ತಿಂಗಳ ಚಿತ್ರವನ್ನು ನಾನು ಎರಡು ಸಲ ನೋಡಿ ತಯಾರಾಗಿದ್ದೆ. ಆದರೆ ಸಂಜೆ ಐದೂವರೆಗೆ ಆ ಫೈಲು ತೆರೆಯಲೇ ಇಲ್ಲ. ಭಟ್ಟರು ಅರ್ಧ ಗಂಟೆ ಒದ್ದಾಡಿ, ಕಂಪ್ಯೂಟರಿನಲ್ಲಿ ಉಳಿದಿದ್ದ ಬೇಕರಿಯ ಚಿತ್ರವನ್ನೇ ಮತ್ತೆ ಹಾಕಿದರು.

"ಓ, ಬ್ರೆಡ್ಡಿನದ್ದು," ಎಂದರು ವಾರಿಜಕ್ಕ. "ಒಳ್ಳೆದಾಯ್ತು. ನಿಮಗೆ ಕಷ್ಟ ಇಲ್ಲ ಮೇಡಂ, ಇದು ನನಗೆ ಗೊತ್ತುಂಟು."

ನಾನು ಯಶವಂತನ ಕುರ್ಚಿಯಲ್ಲಿ ಕೂತೆ. ಅಂದಾಜಿಗೆ ಹೇಳುವುದು ನನಗೆ ಬರುವುದಿಲ್ಲ. ಕೆಳಗೆ ಬಂದ ಪ್ರತಿ ಸಾಲನ್ನೂ ಕನ್ನಡ ಮಾಡಿ ಹೇಳುತ್ತ ಹೋದೆ. ನಲವತ್ತು ನಿಮಿಷದ ಹೊತ್ತಿಗೆ ಹುಡುಗಿ ಬಂದಳು. ಅವಳೂ ಮಗನೂ ಕಡಲ ತಡಿಯಲ್ಲಿ ನಡೆಯುವ ದೃಶ್ಯ. ವಾರಿಜಕ್ಕ ನನ್ನ ಮುಂಗೈ ಹಿಡಿದರು.

"ಇವಳು ಯಾರು?"

"ಅದೇ ಹುಡುಗಿ. ಮಗ ಮದುವೆ ಆಗಬೇಕು ಅಂತ ಇದ್ದಾನಲ್ಲ."

"ಹಿಟ್ಟಿನ ಹುಡುಗಿಯಾ?"

"ಯಾವ ಹಿಟ್ಟು?"

"ಬೇಕರಿಗೆ ಹಿಟ್ಟು ತರುವ ಹುಡುಗಿ ಒಬ್ಬಳು ಉಂಟಲ್ಲ. ಮತ್ತೆ ಮಿಲ್ಲು ಮುಚ್ಚಿತು, ಅವಳು ಬರುದು ನಿಂತಿತು. ಯಶು ಹೇಳಿದ್ದು."

ಆ ಚಿತ್ರದಲ್ಲಿ ಮಿಲ್ಲಿಲ್ಲ. ಹಿಟ್ಟು ತರುವವರು ಯಾರೂ ಇಲ್ಲ. ನಾನು ಆಗಲೇ ನಿಲ್ಲಿಸಬಹುದಿತ್ತು. ತಪ್ಪು ಹೇಳಿದೆ ಎನ್ನಬಹುದಿತ್ತು. ಏನು ನಡೆಯುತ್ತಿದೆಯೆಂದು ನನಗೆ ಅರ್ಧ ಅರ್ಥವಾಗಿತ್ತು, ಅರ್ಧ ಆಗಿರಲಿಲ್ಲ. "ಇಲ್ಲ ವಾರಿಜಕ್ಕ, ಇವಳು ಅವನ ಹುಡುಗಿ," ಎಂದೆ. ನಂತರ ಬಾಗಿಲಿನ ದೃಶ್ಯ ಬಂತು. ತಾಯಿ ಹುಡುಗಿಗೆ ಹೇಳುವ ಮಾತನ್ನು ನಾನು ಹೇಳಿದೆ: "ನನ್ನ ಮಗನಿಗೆ ಇಲ್ಲಿ ಯಾವುದರ ಕೊರತೆಯೂ ಇಲ್ಲ. ನೀನು ಹೋಗು."

ನನ್ನ ಮುಂಗೈ ಮೇಲಿದ್ದ ಕೈ ಹಿಂದೆ ಹೋಯಿತು. ಉಳಿದ ಒಂದು ಗಂಟೆ ಅವರು ಒಂದು ಪ್ರಶ್ನೆಯನ್ನೂ ಕೇಳಲಿಲ್ಲ. ಚರ್ಚೆಯಲ್ಲಿ ಭಟ್ಟರು ಎಂದಿನಂತೆ, "ಯಾವ ದರ್ಜೆ ವಾರಿಜಕ್ಕ?" ಎಂದರು. ಅವರು ಇವತ್ತು ಬೇಡವೆಂಬಂತೆ ತಲೆಯಾಡಿಸಿದರು, ಅಷ್ಟೆ. ಆಟೋ ಹತ್ತಿಸುವಾಗ ನನಗೆ ಹೇಳಿದರು: "ನಾನು ಅವತ್ತು ಮೂವತ್ತು ಜನರ ಎದುರು ಹೇಳಿದೆನಲ್ಲ, ಇಂಥ ಮಗ ನನಗೂ ಇದ್ದಾನೆ ಅಂತ. ಎಲ್ಲರಿಗೂ ಕಂಡಿತ್ತು. ನನಗೊಬ್ಬಳಿಗೆ ಇಲ್ಲ." ಸ್ವಲ್ಪ ತಡೆದು, "ಬರುವ ಆದಿತ್ಯವಾರ ಮನೆಗೆ ಬನ್ನಿ. ಅದನ್ನು ಕಂಪ್ಯೂಟರಿನಲ್ಲಿ ಹಾಕಿ ತನ್ನಿ. ಯಶು ಇರ್ತಾನೆ," ಎಂದರು.

ಆ ರಾತ್ರಿಯೇ ಭಟ್ಟರಿಂದ ಚಿತ್ರವನ್ನು ನನ್ನ ಲ್ಯಾಪ್‌ಟಾಪಿಗೆ ಹಾಕಿಸಿಕೊಂಡೆ.

ಆದಿತ್ಯವಾರ ಮಧ್ಯಾಹ್ನ ಮೂರು ಗಂಟೆಗೆ ದೇರೆಬೈಲಿನ ಅವರ ಮನೆಯ ಊಟದ ಮೇಜಿನ ಮೇಲೆ ನನ್ನ ಲ್ಯಾಪ್‌ಟಾಪು ಇಟ್ಟೆ. ಯಶವಂತನ ಮುಖ ನೋಡಲು ನನಗಾಗುತ್ತಿರಲಿಲ್ಲ. ಯಾವ ಚಿತ್ರವೆಂದು ಗೊತ್ತಾದಾಗ ಅವನು, "ಇದು ಮಾರ್ಚಿನಲ್ಲೇ ಆಯ್ತಲ್ಲಮ್ಮ, ಬೇರೆ ನೋಡುವ," ಎಂದ.

"ಇದೇ ಬೇಕು. ಮೊದಲಿನಿಂದ ಬೇಡ. ಹುಡುಗಿ ಬರುವಲ್ಲಿಂದ."

ನಾನು ಅಲ್ಲಿಗೆ ತಂದು ನಿಲ್ಲಿಸಿದೆ. ಯಶವಂತ ಶುರುಮಾಡಿದ. ಮಲ್ಪೆಗೆ ಹೋದ ದಿನ ಏನಾಗಿತ್ತೆಂದು ಅವನಿಗೆ ಗೊತ್ತಿರಲಿಲ್ಲ. "ಹಿಟ್ಟಿನ ಹುಡುಗಿ ಬಂದಳು. ಇವತ್ತು ಮಳೆ ಬರಬಹುದು ಅಂತ ಹೇಳ್ತಾ ಇದ್ದಾಳೆ."

"ಹಿಟ್ಟಿನ ಹುಡುಗಿ ಅಲ್ಲ, ಯಶು."

ಅವನು ನನ್ನ ಕಡೆ ನೋಡಿದ. ನಾನು ತಲೆ ತಗ್ಗಿಸಿದೆ. ಚಿತ್ರ ಓಡುತ್ತಲೇ ಇತ್ತು. ಬಾಗಿಲ ದೃಶ್ಯ ಬಂತು.

"ಆ ತಾಯಿ ಎಂತ ಹೇಳಿದಳು? ಅಲ್ಲಿ ಬರೆದದ್ದು ಹೇಳು."

"ಅಮ್ಮ, ಅದೆಲ್ಲ ಎಂತಕ್ಕೆ ಈಗ."

"ಬರೆದದ್ದು ಹೇಳು."

ಅವನು ಹೇಳಿದ. ಶಬ್ದಕ್ಕೆ ಶಬ್ದ, ತುಳುವಿನಲ್ಲಿ. ಅಂಗಡಿಯಲ್ಲಿ ಬಿಡಿಭಾಗದ ನಂಬರು ಓದುವವನ ಹಾಗೆ ಏರಿಳಿತವಿಲ್ಲದೆ ಹೇಳಿದ. ವಾರಿಜಕ್ಕ ಕೇಳಿ ಮುಗಿಸಿದರು.

"ಇವಳು ಮರ್ಯಾದೆಯ ಹೆಂಗಸು," ಎಂದರು. "ನಾನು ಶಾಲಿನಿಗೆ ಹೇಳಿದ್ದು ಇಷ್ಟು ಒಳ್ಳೆ ಮಾತಲ್ಲ."

ಶಾಲಿನಿ ಯಾರೆಂದು ನನಗೆ ಆಗ ತಿಳಿಯಿತು. ಹನ್ನೆರಡು ವರ್ಷದ ಹಿಂದೆ ಬಂದರಿನಲ್ಲಿ ಒಂದು ಹಡಗು ಕಂಪೆನಿಯ ಕಚೇರಿಯಲ್ಲಿ ಟೈಪಿಸ್ಟ್ ಆಗಿದ್ದವಳು. ಯಶವಂತ ಅವಳನ್ನು ಮದುವೆಯಾಗಬೇಕೆಂದಿದ್ದ. ಅವಳು ಮನೆಗೆ ಬಂದ ಒಂದೇ ದಿನ ವಾರಿಜಕ್ಕ ಮೆಟ್ಟಿಲ ಮೇಲೆಯೇ ಅವಳನ್ನು ನಿಲ್ಲಿಸಿ ಕಳಿಸಿದ್ದರು. ಅವಳೀಗ ಮಸ್ಕತ್ತಿನಲ್ಲಿ ಇದ್ದಾಳೆ, ಎರಡು ಮಕ್ಕಳು. ಇವನ್ನೆಲ್ಲ ವಾರಿಜಕ್ಕ ನನಗೆ ಅರ್ಥವಾಗಲೆಂದು ಕನ್ನಡದಲ್ಲಿ, ಮಗನ ಎದುರಿಗೇ ಹೇಳಿದರು. ಮತ್ತೆ ಮಗನ ಕಡೆ ತಿರುಗಿ ತುಳುವಿನಲ್ಲಿ:

"ಜಾತಿ ಅಂತ ನೀನು ತಿಳ್ಕೊಂಡೆ. ಅವಳ ಗುಣ ನನಗೆ ಹಿಡಿಸ್ಲಿಲ್ಲ ಅಂತ ತಿಳ್ಕೊಂಡೆ. ಎರಡೂ ಅಲ್ಲ. ಆಗಲೇ ನನ್ನ ಒಂದು ಕಣ್ಣು ಹೋಗಿತ್ತು. ಇನ್ನೊಂದೂ ಹೋಗ್ತದೆ ಅಂತ ಡಾಕ್ಟರು ಹೇಳಿದ್ದರು. ನಿನಗೆ ಹೇಳಿರಲಿಲ್ಲ. ನೀನು ಅವಳವ ಆದ್ರೆ ನನಗೆ ನೋಡ್ಲಿಕ್ಕೆ ಯಾರು ಅಂತ ಹೆದರಿದೆ. ನಿನ್ನ ಕಣ್ಣು ನನಗೇ ಬೇಕಿತ್ತು. ತಪ್ಪು ಮಾಡಿದೆ."

ಈ ಮಾತನ್ನು ಅವರು ಅಳುತ್ತ ಹೇಳಲಿಲ್ಲ. ಕ್ಷಮಿಸು ಎಂದೂ ಕೇಳಲಿಲ್ಲ. ಎರಡು ಕೈಯನ್ನೂ ಮೇಜಿನ ಮೇಲೆ ಬಿಡಿಸಿ ಇಟ್ಟಿದ್ದರು. ಎಷ್ಟೋ ಚಿತ್ರಗಳಲ್ಲಿ, ಎಷ್ಟೋ ಕತೆಗಳಲ್ಲಿ ತಾಯಂದಿರು ಮಗನಿಗಾಗಿ ಏನೇನೋ ಬಿಟ್ಟುಕೊಟ್ಟದ್ದನ್ನು ನಾನು ಓದಿದ್ದೇನೆ, ಟಿಪ್ಪಣಿ ಬರೆದಿದ್ದೇನೆ. ಮಗನಿಂದ ತೆಗೆದುಕೊಂಡದ್ದು ಇದು ಎಂದು ಒಬ್ಬ ತಾಯಿ ಅವನೆದುರು ಕೂತು ಹೇಳಿದ್ದನ್ನು ಆ ಒಂದು ಸಲ ಮಾತ್ರ ಕೇಳಿದ್ದು.

ಯಶವಂತ ಎದ್ದು ನಿಂತ. ಕುರ್ಚಿ ಹಿಂದಕ್ಕೆ ಬಿತ್ತು.

"ಕಣ್ಣಿನ ವಿಷಯ ಹೇಳಿದ್ರೆ ನಿನಗೆ ಇಬ್ಬರು ಇರ್ತಿದ್ದೆವು," ಎಂದ. ಅವನ ಸ್ವರ ಒಡೆದು ಇಡೀ ಮನೆ ತುಂಬಿತು. "ಇಬ್ಬರು. ಒಂದು ಮಾತು ಹೇಳ್ಲಿಕ್ಕೆ ಆಗ್ಲಿಲ್ವಾ ನಿನಗೆ? ಹನ್ನೆರಡು ವರ್ಷ ನಾನು ಬಾಯಿ ಮುಚ್ಚಿಕೊಂಡು ಕೂತದ್ದು, ನಿನಗೆ ಬೇಸರ ಆಗ್ತದೆ ಅಂತ. ಸಿನಿಮಾದ ಹುಡುಗಿಯನ್ನೂ ಬದಲು ಮಾಡಿದೆ, ನಿನಗೆ ಬೇಸರ ಆಗ್ತದೆ ಅಂತ."

"ಗೊತ್ತಾಯ್ತು ಮಗ."

"ಎಂತ ಗೊತ್ತಾಯ್ತು?"

ಅವನು ಹಿತ್ತಿಲಿಗೆ ಹೋದ. ಬಟ್ಟೆ ಒಗೆಯುವ ಕಲ್ಲಿನ ಮೇಲೆ ಬೆನ್ನು ಹಾಕಿ ಕೂತದ್ದು ಕಿಟಕಿಯಿಂದ ಕಾಣುತ್ತಿತ್ತು. ನಾನು ಲ್ಯಾಪ್‌ಟಾಪು ಮುಚ್ಚಲು ಹೋದಾಗ ವಾರಿಜಕ್ಕ, "ಮುಚ್ಚಬೇಡಿ," ಎಂದರು. ನಾವಿಬ್ಬರೂ ಕಾದೆವು. ಅವನು ಮುಖ ತೊಳೆದು ಬಂದ, ಕುರ್ಚಿ ಎತ್ತಿ ನಿಲ್ಲಿಸಿದ, ತಾಯಿಯ ಬಲಕ್ಕೆ ಕೂತ.

"ಇನ್ನು ಸುಮಾರು ಉಂಟು ಸಿನಿಮಾ," ಎಂದ. "ಪೂರ್ತಿ ಹೇಳ್ತೇನೆ. ನಡುವೆ ನಿಲ್ಲಿಸು ಅಂತ ಹೇಳಬಾರದು."

"ಹೇಳುದಿಲ್ಲ."

ಅವನು ಪೂರ್ತಿ ಹೇಳಿದ. ಮಗನ ಕೂದಲು ಬೆಳ್ಳಗಾದದ್ದನ್ನೂ ಹೇಳಿದ. ಅವರು ನಿಲ್ಲಿಸಲಿಲ್ಲ.

ಅದರ ನಂತರ ಬಳಗಕ್ಕೆ ಬಂದಾಗ ಆ ಸಾಲಿನಲ್ಲಿ ಕೂರುವುದು ಬೇರೆಯೇ ಅನುಭವ. ಯಶವಂತ ಈಗ ಏನನ್ನೂ ಬಿಡುತ್ತಿರಲಿಲ್ಲ, ತನ್ನ ಅಭಿಪ್ರಾಯವನ್ನೂ. "ಈ ತಾಯಿಗೆ ತಲೆ ಸರಿ ಇಲ್ಲಮ್ಮ." "ಮಗನಿಗೆ ಸರಿ ಉಂಟಾ?" "ಅವನನ್ನು ಹಾಗೆ ಮಾಡಿದ್ದು ಯಾರು?" "ಎಲ್ಲದಕ್ಕೂ ತಾಯಿಯೇ ಆಗ್ಬೇಕಾ ಮಾರಾಯ, ಅವನಿಗೆ ನಲವತ್ತು ವರ್ಷ." ಮುಂದಿನ ಸಾಲಿನವರು ಹಿಂದಕ್ಕೆ ತಿರುಗಿ ಶ್ ಎನ್ನುತ್ತಿದ್ದರು. ಇಬ್ಬರೂ ಸುಮ್ಮನಾಗುತ್ತಿರಲಿಲ್ಲ. ಬೇಕರಿಯ ಚಿತ್ರದ ದರ್ಜೆಯ ಮಾತನ್ನು ಭಟ್ಟರು ಮತ್ತೊಮ್ಮೆ ಎತ್ತಿದಾಗ ವಾರಿಜಕ್ಕ, "ಅದು ಇಡೀ ಬೀಜವೇ. ಆದರೆ ಕಹಿ," ಎಂದರು. ಮುಚ್ಚಿಡುವುದಕ್ಕೆ ಏನೂ ಉಳಿದಿಲ್ಲದವರ ಸ್ವರ ಅದು.

ಅವರ ಮೂತ್ರಪಿಂಡ ಕೆಟ್ಟದ್ದು ಮಳೆಗಾಲ ಮುಗಿಯುವ ಹೊತ್ತಿಗೆ. ಬಳಗಕ್ಕೆ ಬರುವುದು ನಿಂತಿತು. ಅಕ್ಟೋಬರಿನ ಕೊನೆಯಲ್ಲಿ ತೀರಿಕೊಂಡರು. ಶವಸಂಸ್ಕಾರದ ಹೊತ್ತಿಗೆ ನಾನು ಊರಲ್ಲಿರಲಿಲ್ಲ, ಆದ್ದರಿಂದ ಅದರ ಬಗ್ಗೆ ಬರೆಯಲಾರೆ. ನಾನು ನೋಡಿದ್ದು ಅದಕ್ಕೆ ಮೂರು ವಾರ ಮೊದಲಿನ ಒಂದು ಬೆಳಿಗ್ಗೆಯನ್ನು.

ಹೊರಕೋಣೆಯ ಮಂಚದಲ್ಲಿ ದಿಂಬಿಗೆ ಒರಗಿ ಕೂತಿದ್ದರು. ಕಾಲು ಬಾತಿತ್ತು. ಮಾತು ಮಾತ್ರ ಎಂದಿನ ಹಾಗೆ. ಯಶವಂತ ಅಡುಗೆಮನೆಯಲ್ಲಿ ಗಂಜಿ ಬಸಿಯುತ್ತಿದ್ದ. ಅವರು ನನ್ನನ್ನು ಹತ್ತಿರ ಕರೆದು, ಸ್ವರ ತಗ್ಗಿಸಿ, ಒಳ್ಳೆಯ ಸುದ್ದಿ ಹೇಳುವವರ ಹಾಗೆ ಹೇಳಿದರು:

"ನಿನ್ನೆ ನನಗೆ ಬೈದ, ಗೊತ್ತುಂಟಾ. ಪಕ್ಕದ ಮನೆಗೆ ಕೇಳಬೇಕು, ಹಾಗೆ."

"ಯಾಕೆ?"

"ಮಾತ್ರೆ ದಿಂಬಿನ ಅಡಿ ಹಾಕಿಟ್ಟಿದ್ದೆ. ಐದು ದಿನದ್ದು. ಎಲ್ಲ ಎಣಿಸಿ ಎಣಿಸಿ ಬೈದ. ನೀನು ಯಾವಾಗಲೂ ಹೀಗೆಯೇ, ನನಗೆ ಒಂದು ಮಾತು ಹೇಳುದಿಲ್ಲ ಅಂತ. ಮೊದಲು ಒಂದು ಮಾತು ಜೋರು ಮಾಡುವವ ಅಲ್ಲ ಅವನು. ಒಳ್ಳೆ ಮಗ, ಒಳ್ಳೆ ಮಗ ಅಂತ ಎಲ್ಲರ ಹತ್ತಿರ ಹೇಳಿಕೊಂಡು ತಿರುಗಿದವಳು ನಾನು."

"ಈಗ?"

"ಈಗ ಮಗ."

ಅಡುಗೆಮನೆಯಿಂದ ಯಶವಂತ ಕೂಗಿದ: "ಮೇಡಂ, ಅಮ್ಮ ಮಾತ್ರೆ ನುಂಗಿದ್ರಾ ನೋಡಿ ಸ್ವಲ್ಪ."

ವಾರಿಜಕ್ಕ ನನ್ನ ಕಡೆ ಅಂಗೈ ತೆರೆದು ತೋರಿಸಿದರು. ಬಿಳಿ ಮಾತ್ರೆ ಬೆವರಿಗೆ ಅರ್ಧ ಕರಗಿತ್ತು. "ನುಂಗಿದೆ ಅಂತ ಹೇಳಿ ಮಾರಾಯ್ರೆ," ಎಂದು ಪಿಸುಗುಟ್ಟಿದರು.

"ಕೈಯಲ್ಲೇ ಉಂಟು, ಯಶವಂತ," ಎಂದೆ.

ಒಳಗೆ ಪಾತ್ರೆ ಕುಕ್ಕಿದ ಶಬ್ದವಾಯಿತು. ಆಮೇಲೆ ಬೈಗುಳ ಶುರುವಾಯಿತು, ಉದ್ದಕ್ಕೆ, ತುಳುವಿನಲ್ಲಿ, ಪಕ್ಕದ ಮನೆಗೆ ಕೇಳುವ ಹಾಗೆ. ವಾರಿಜಕ್ಕ ನೀರಿನ ಲೋಟಕ್ಕೆ ಕೈ ಚಾಚಿದರು. ಅವನು ಒಂದು ಕ್ಷಣ ನಿಲ್ಲಿಸಿದಾಗ ಅವರೂ ಕೈ ನಿಲ್ಲಿಸಿ ಕಿವಿಗೊಟ್ಟರು, ಬೈಗುಳ ಇನ್ನೂ ಇದೆಯೇ ಎಂದು. ಇನ್ನೂ ಇತ್ತು. ಆಗ ಮಾತ್ರೆ ಬಾಯಿಗೆ ಹಾಕಿಕೊಂಡು ನೀರು ಕುಡಿದರು.